ಒಂದೂ ಸಿನಿಮಾ ಇಲ್ಲದ ವೆಬ್‌ಸೈಟ್, ಎಂಟು ತಿಂಗಳ ಜೈಲು: ಯಾರು ಈ ಪೀಟರ್ ಸುಂಡೆ?

ಶುಕ್ರವಾರ ಬೆಳಿಗ್ಗೆ ಸಿನಿಮಾ ಬಿಡುಗಡೆ. ರಾತ್ರಿ ಹೊತ್ತಿಗೆ ಯಾವುದೋ ಟೆಲಿಗ್ರಾಂ ಗುಂಪಿನಲ್ಲಿ ಅದರ ಲಿಂಕ್. ಅಲ್ಲಿಂದ ವಾಟ್ಸಾಪ್‌ಗೆ, ಅಲ್ಲಿಂದ ಇನ್ನೊಂದು ಗುಂಪಿಗೆ. ಯಾರಾದರೂ ಗದರಿದರೆ ಉತ್ತರ ರೆಡಿ ಇರುತ್ತದೆ: "ನಾನೇನು ಥಿಯೇಟರ್‌ನಲ್ಲಿ ಕೂತು ರೆಕಾರ್ಡ್ ಮಾಡಿದ್ನಾ? ಬರೀ ಲಿಂಕ್ ಕಳಿಸಿದೆ ಅಷ್ಟೇ." 2023ರಲ್ಲಿ ನಮ್ಮ ಸಿನಿಮಾಟೋಗ್ರಾಫ್ ಕಾಯ್ದೆಗೆ ತಿದ್ದುಪಡಿ ಬಂದು ಪೈರಸಿಯ ಶಿಕ್ಷೆ ಬಿಗಿಯಾಯಿತು. ಹಾಗಾಗಿ ಈ ಮಾತನ್ನು ಹಾರಿಕೆಯ ಉತ್ತರ ಅಂತ ಸುಮ್ನೆ ಬಿಡುವಂತಿಲ್ಲ. ದಾರಿ ತೋರಿಸಿದವರದ್ದು ಎಷ್ಟು ತಪ್ಪು ಅನ್ನುವುದು ಈಗ ಮಾಮೂಲಿ ಜನರಿಗೂ ಬೇಕಾದ ವಿಷಯ.

ಸ್ವೀಡನ್‌ನ ರಾಜಧಾನಿ ಸ್ಟಾಕ್‌ಹೋಮ್‌ನ ನ್ಯಾಯಾಲಯ ಇದೇ ಪ್ರಶ್ನೆಯನ್ನು 2009ರಲ್ಲಿ ಕೈಗೆತ್ತಿಕೊಂಡಿತ್ತು. ಕಟಕಟೆಯಲ್ಲಿದ್ದವರು 'ದಿ ಪೈರೇಟ್ ಬೇ' ವೆಬ್‌ಸೈಟಿಗೆ ಸಂಬಂಧಪಟ್ಟ ನಾಲ್ವರು. ಅವರಲ್ಲಿ ಪತ್ರಕರ್ತರ ಮುಂದೆ ನಿಂತು ಮಾತಾಡುತ್ತಿದ್ದವರು ಪೀಟರ್ ಸುಂಡೆ. ಅವರ ವಾದ ಕೇಳಲು ಸರಳವಾಗಿತ್ತು: ನಮ್ಮ ಸೈಟಿನಲ್ಲಿ ಒಂದೇ ಒಂದು ಸಿನಿಮಾ ಇಲ್ಲ, ಒಂದು ಹಾಡೂ ಇಲ್ಲ. ಅದು ನಿಜವೂ ಆಗಿತ್ತು. ಆದರೂ ಅವರು ಜೈಲಿಗೆ ಹೋದರು.

## ಮೊದಲು ಟೊರೆಂಟ್ ಏನು ಅಂತ ನೋಡೋಣ

ನಾವು ಸಾಮಾನ್ಯವಾಗಿ ಡೌನ್‌ಲೋಡ್ ಮಾಡುವ ಫೈಲ್ ಒಂದು ಸರ್ವರ್‌ನಲ್ಲಿ ಇರುತ್ತದೆ. ಸರ್ವರ್ ಅಂದರೆ ಹಗಲು ರಾತ್ರಿ ಇಂಟರ್ನೆಟ್‌ನಲ್ಲೇ ಇದ್ದು, ಕೇಳಿದವರಿಗೆಲ್ಲ ಫೈಲ್ ಕೊಡುವ ಕಂಪ್ಯೂಟರ್. ಕೇಳುವವರು ಜಾಸ್ತಿಯಾದಷ್ಟೂ ಅದು ನಿಧಾನವಾಗುತ್ತದೆ. ಅದೊಂದನ್ನು ಮುಚ್ಚಿಸಿದರೆ ಹಂಚಿಕೆಯೂ ನಿಂತಂತೆ. 1999ರಲ್ಲಿ ಬಂದ ನ್ಯಾಪ್‌ಸ್ಟರ್ ಜನರ ಕಂಪ್ಯೂಟರ್‌ಗಳ ನಡುವೆಯೇ ನೇರವಾಗಿ ಹಾಡುಗಳನ್ನು ಹಂಚಿಸಿತು. ಆದರೆ ಯಾರ ಹತ್ತಿರ ಯಾವ ಹಾಡಿದೆ ಎಂಬ ಪಟ್ಟಿ ಮಾತ್ರ ಕಂಪನಿಯ ಸರ್ವರ್‌ನಲ್ಲೇ ಇತ್ತು. ಅಮೆರಿಕದ ಕೋರ್ಟು ಅದನ್ನೇ ಹಿಡಿಯಿತು. 2001ರಲ್ಲಿ ನ್ಯಾಪ್‌ಸ್ಟರ್ ನಿಂತುಹೋಯಿತು.

ಅದೇ ವರ್ಷ ಬ್ರಾಮ್ ಕೋಹೆನ್ ಎಂಬ ಅಮೆರಿಕದ ಪ್ರೋಗ್ರಾಮರ್ ಬಿಟ್‌ಟೊರೆಂಟ್ ಎಂಬ ಹೊಸ ವಿಧಾನವನ್ನು ಹೊರತಂದರು. ಅದು ಕೆಲಸ ಮಾಡುವುದು ಹೀಗೆ. ಮೇಷ್ಟ್ರು ನೂರು ಪುಟದ ನೋಟ್ಸ್ ಕೊಟ್ಟಿದ್ದಾರೆ, ಕ್ಲಾಸಿನಲ್ಲಿ ಐವತ್ತು ಜನ ಇದ್ದಾರೆ ಅಂದುಕೊಳ್ಳಿ. ಎಲ್ಲರೂ ಒಂದೇ ಜೆರಾಕ್ಸ್ ಅಂಗಡಿಗೆ ಹೋದರೆ ಸಂಜೆಯಾದರೂ ಸಾಲು ಕರಗುವುದಿಲ್ಲ. ಅದರ ಬದಲು ಒಬ್ಬೊಬ್ಬರಿಗೆ ಎರಡೆರಡು ಪುಟ ಕೊಟ್ಟು, ನಿಮ್ಮ ನಿಮ್ಮಲ್ಲೇ ನಕಲು ಮಾಡಿಕೊಳ್ಳಿ ಅಂದರೆ? ನಾನು ನಿನಗೆ 7ನೇ ಪುಟ ಕೊಡುತ್ತೇನೆ, ನೀನು ನನಗೆ 31ನೆಯದು ಕೊಡು. ಸ್ವಲ್ಪ ಹೊತ್ತಿನಲ್ಲೇ ಎಲ್ಲರ ಕೈಯಲ್ಲೂ ಪೂರ್ತಿ ನೋಟ್ಸ್. ಜನ ಜಾಸ್ತಿಯಾದರೆ ಇಲ್ಲಿ ಕೆಲಸ ನಿಧಾನವಾಗುವುದಿಲ್ಲ, ಇನ್ನೂ ಬೇಗ ಆಗುತ್ತದೆ.

ಈ ಕ್ಲಾಸಿನಲ್ಲಿ ಒಬ್ಬ ಲೀಡರ್ ಇದ್ದಾನೆ. ಅವನ ಹತ್ತಿರ ಒಂದು ಪುಟವೂ ಇಲ್ಲ. ಈ ನೋಟ್ಸ್ ಹಂಚಿಕೊಳ್ಳುತ್ತಿರುವವರು ಯಾರ್ಯಾರು, ಎಲ್ಲೆಲ್ಲಿ ಕೂತಿದ್ದಾರೆ ಎಂಬ ಪಟ್ಟಿ ಮಾತ್ರ ಇದೆ. ಹೊಸಬ ಬಂದರೆ "ಅಗೋ ಅವರನ್ನು ಕೇಳು" ಅಂತ ಕೈ ತೋರಿಸುತ್ತಾನೆ. ಬಿಟ್‌ಟೊರೆಂಟ್‌ನಲ್ಲಿ ಈ ಕೆಲಸ ಮಾಡುವ ಕಂಪ್ಯೂಟರನ್ನು ಟ್ರ್ಯಾಕರ್ ಅನ್ನುತ್ತಾರೆ. ಇನ್ನು 'ಟೊರೆಂಟ್ ಫೈಲ್' ಅಂದರೆ ಸಿನಿಮಾ ಅಲ್ಲ, ಒಂದು ಪುಟ್ಟ ಚೀಟಿ. ಸಿನಿಮಾವನ್ನು ಎಷ್ಟು ತುಂಡು ಮಾಡಲಾಗಿದೆ, ಬಂದ ತುಂಡು ಅಸಲಿಯೋ ಅಲ್ಲವೋ ಅಂತ ಪರೀಕ್ಷಿಸುವ ಗುರುತು ಯಾವುದು, ಟ್ರ್ಯಾಕರ್ ಎಲ್ಲಿದೆ, ಇಷ್ಟೇ ಅದರಲ್ಲಿರುವುದು.

ಪೈರೇಟ್ ಬೇ ಮಾಡುತ್ತಿದ್ದದ್ದು ಎರಡು ಕೆಲಸ. ಜನ ತಂದು ಹಾಕಿದ ಇಂಥ ಚೀಟಿಗಳನ್ನು ಹುಡುಕಲು ಸಿಗುವಂತೆ ಜೋಡಿಸಿಡುವುದು ಒಂದು, ಟ್ರ್ಯಾಕರ್ ನಡೆಸುವುದು ಇನ್ನೊಂದು. ಮುಂದೆ ತಂತ್ರಜ್ಞಾನ ಬೆಳೆದು ಟ್ರ್ಯಾಕರ್ ಇಲ್ಲದೆಯೂ ಜನ ಒಬ್ಬರನ್ನೊಬ್ಬರು ಹುಡುಕಿಕೊಳ್ಳುವಂತಾಯಿತು. 2009ರ ನವೆಂಬರ್‌ನಲ್ಲಿ ಅವರು ಟ್ರ್ಯಾಕರನ್ನೇ ನಿಲ್ಲಿಸಿದರು. 2012ರಲ್ಲಿ ಚೀಟಿಗಳನ್ನೂ ತೆಗೆದು, ಅದರ ಬದಲು ಒಂದು ಸಾಲಿನ ಮ್ಯಾಗ್ನೆಟ್ ಲಿಂಕ್ (ಫೈಲಿನ ಗುರುತು ಮಾತ್ರ ಇರುವ ವಿಳಾಸ) ಇಟ್ಟರು. ಆಗ ಯಾರೋ ಒಬ್ಬರು ಸೈಟಿನ ಎಲ್ಲ ಲಿಂಕ್‌ಗಳನ್ನೂ ಒಟ್ಟುಮಾಡಿ ಜಿಪ್ ಮಾಡಿದರು. ಇಡೀ ಪೈರೇಟ್ ಬೇ ಸುಮಾರು 90 ಎಂಬಿಗೆ ಇಳಿದಿತ್ತು. ಸಿನಿಮಾ ಉದ್ಯಮವನ್ನು ನಡುಗಿಸಿದ ಸೈಟು ಒಂದು ಪೆನ್ ಡ್ರೈವ್‌ನ ಮೂಲೆಗೂ ಸಾಲದಷ್ಟು ಚಿಕ್ಕದು!

ಒಂದು ಮಾತು ಇಲ್ಲೇ ಹೇಳಿಬಿಡಬೇಕು. ಬಿಟ್‌ಟೊರೆಂಟ್ ವಿಧಾನ ಎಲ್ಲೂ ಅಪರಾಧ ಅಲ್ಲ. ಲಿನಕ್ಸ್‌ನಂಥ ಉಚಿತ ಸಾಫ್ಟ್‌ವೇರ್‌ಗಳನ್ನು ಇಂದಿಗೂ ಟೊರೆಂಟ್ ಮೂಲಕ ಹಂಚುತ್ತಾರೆ. ತಕರಾರು ಇರುವುದು ಅದರೊಳಗೆ ಸಾಗುವ ಸರಕಿನ ಬಗ್ಗೆ.

## ಕಾಪಿರೈಟ್ ಬಗ್ಗೆ ಎರಡು ಮಾತು

ಬರೆದವರಿಗೆ, ಹಾಡಿದವರಿಗೆ, ಸಿನಿಮಾ ಮಾಡಿದವರಿಗೆ ತಮ್ಮ ಕೃತಿಯ ಪ್ರತಿ ಮಾಡುವ ಮತ್ತು ಅದನ್ನು ಜನರಿಗೆ ತಲುಪಿಸುವ ಹಕ್ಕು ಇರುತ್ತದೆ. ಬೇರೆಯವರು ಮಾಡಬೇಕಾದರೆ ಒಪ್ಪಿಗೆ ಬೇಕು. ಈ ಹಕ್ಕಿಗೆ ಅವಧಿ ಇದೆ. ಭಾರತದಲ್ಲಿ ಬರಹಕ್ಕೆ ಲೇಖಕರ ಜೀವಿತಾವಧಿ ಮತ್ತು ಅವರು ತೀರಿಕೊಂಡ ಮೇಲೆ 60 ವರ್ಷ. 1975ರಲ್ಲಿ ತೀರಿಕೊಂಡ ಡಿವಿಜಿ ಅವರ ಬರಹಗಳು 2035ರ ಕೊನೆಯವರೆಗೂ ಕಾಪಿರೈಟ್‌ನಲ್ಲೇ ಇರುತ್ತವೆ. ದಿನಾ ಬೆಳಿಗ್ಗೆ ಅವರ ಪದ್ಯ ಫಾರ್ವರ್ಡ್ ಮಾಡುವ ನಮ್ಮಲ್ಲಿ ಎಷ್ಟು ಜನಕ್ಕೆ ಇದು ಗೊತ್ತೋ!

ಪುಸ್ತಕ ಅಚ್ಚು ಹಾಕಲು ಯಂತ್ರ ಬೇಕಿದ್ದ ಕಾಲದಲ್ಲಿ ಈ ಕಾನೂನು ಮುಟ್ಟುತ್ತಿದ್ದದ್ದು ಪ್ರಕಾಶಕರನ್ನು ಮಾತ್ರ. ಕಂಪ್ಯೂಟರ್ ಬಂದ ಮೇಲೆ ಪ್ರತಿ ಮಾಡುವುದು ಎಲ್ಲರ ಮನೆಗೂ ಬಂತು. ಹಾಗಾದರೆ ಕಾನೂನು ಎಲ್ಲರ ಮನೆಯೊಳಗೂ ಇಣುಕಬೇಕಾ? ಡಿಜಿಟಲ್ ಹಕ್ಕುಗಳ ಹೋರಾಟಗಾರರು ಕೇಳುವುದು ಮುಖ್ಯವಾಗಿ ಇದನ್ನೇ. ಇಂಟರ್ನೆಟ್‌ನಲ್ಲಿ ಯಾರೂ ಕದ್ದು ನೋಡದಂತೆ ಮಾತಾಡುವ, ಓದುವ, ಮಾಹಿತಿ ಹಂಚಿಕೊಳ್ಳುವ ಹಕ್ಕುಗಳನ್ನು ಒಟ್ಟಾಗಿ ಡಿಜಿಟಲ್ ಹಕ್ಕುಗಳು ಅನ್ನುತ್ತಾರೆ.

## ಪೈರೇಟ್ ಬೇ ಹುಟ್ಟಿದ್ದು

ಸುಂಡೆ ಹುಟ್ಟಿದ್ದು 1978ರ ಸೆಪ್ಟೆಂಬರ್ 13ರಂದು, ಸ್ವೀಡನ್‌ನ ಪಶ್ಚಿಮ ಕರಾವಳಿಯ ಉಡ್ಡೆವಲ್ಲಾ ಎಂಬ ಊರಿನಲ್ಲಿ. ಮನೆತನದ ಬೇರು ನಾರ್ವೆ ಮತ್ತು ಫಿನ್ಲೆಂಡ್‌ನಲ್ಲಿದೆ. ಪೈರೇಟ್ ಬೇಗೆ ಮುಂಚೆ ಜರ್ಮನಿಯ ದೊಡ್ಡ ವೈದ್ಯಕೀಯ ಕಂಪನಿಯೊಂದಕ್ಕೆ ಕೆಲಸ ಮಾಡುತ್ತಿದ್ದರು. ಇಂಟರ್ನೆಟ್‌ನಲ್ಲಿ ಅವರ ಅಡ್ಡಹೆಸರು 'ಬ್ರೋಕೆಪ್'.

ಆಗ ಸ್ವೀಡನ್‌ನಲ್ಲಿ ಸಿನಿಮಾ ಕಂಪನಿಗಳ ಪರವಾಗಿ 'ಆಂಟಿಪಿರಾತ್‌ಬ್ಯೂರೋನ್' ಎಂಬ ಪೈರಸಿ ವಿರೋಧಿ ಕಚೇರಿ ಇತ್ತು. ಅದನ್ನು ಅಣಕಿಸಲೆಂದೇ 2003ರಲ್ಲಿ ಕೆಲವರು 'ಪಿರಾತ್‌ಬ್ಯೂರೋನ್' ಎಂಬ ಗುಂಪು ಕಟ್ಟಿದರು. ಕಾಪಿರೈಟ್ ಈಗಿನ ಕಾಲಕ್ಕೆ ಹೊಂದುತ್ತದಾ ಅಂತ ಚರ್ಚೆ ಎಬ್ಬಿಸುವುದು ಅವರ ಉದ್ದೇಶ. ಸುಂಡೆ ಆ ವರ್ಷವೇ ಅದನ್ನು ಸೇರಿದರು. ಪೈರೇಟ್ ಬೇ ಹುಟ್ಟಿದ್ದು ಅದೇ ಗುಂಪಿನ ಒಂದು ಸಣ್ಣ ಪ್ರಯೋಗವಾಗಿ. ಗಾಟ್‌ಫ್ರಿಡ್ ಸ್ವಾರ್ಟ್‌ಹೋಮ್ ಮತ್ತು ಫ್ರೆಡ್ರಿಕ್ ನೆಯ್ ಮುಖ್ಯವಾಗಿ ಯಂತ್ರಗಳನ್ನು ನೋಡಿಕೊಂಡರು. ಮಾತಿನ ಮಲ್ಲ ಸುಂಡೆ.

ಕಂಪನಿಗಳಿಂದ ಲಾಯರ್ ನೋಟಿಸ್ ಬಂದಾಗ ಬೇರೆ ಸೈಟುಗಳು ಹೆದರಿ ಬಾಗಿಲು ಹಾಕುತ್ತಿದ್ದವು. ಪೈರೇಟ್ ಬೇಯವರು ಆ ನೋಟಿಸನ್ನು, ತಮ್ಮ ಒರಟು ಉತ್ತರದ ಸಮೇತ, ಸೈಟಿನಲ್ಲೇ ಹಾಕಿ ನಗುತ್ತಿದ್ದರು. ಹಾಲಿವುಡ್ ಕಂಪನಿಯೊಂದು ಅಮೆರಿಕದ ಕಾನೂನು ಉಲ್ಲೇಖಿಸಿ ಬೆದರಿಸಿದಾಗ, ಸ್ವೀಡನ್ ಅಮೆರಿಕದ ಒಂದು ರಾಜ್ಯವಲ್ಲ, ಉತ್ತರ ಯುರೋಪಿನ ಒಂದು ದೇಶ ಅಂತ ಭೂಗೋಳ ಪಾಠ ಮಾಡಿ ಕಳಿಸಿದ್ದರು. ಓದಿದ ಹುಡುಗರಿಗೆ ಭಾರೀ ಖುಷಿ. ಆದರೆ ಮುಂದೆ ಕೋರ್ಟಿನಲ್ಲಿ ಈ ಹುಡುಗಾಟ ದುಬಾರಿಯಾಯಿತು.

## ದಾಳಿಯಾದ ಮೂರೇ ದಿನಕ್ಕೆ ವಾಪಸ್

2006ರ ಮೇ 31. ಸ್ವೀಡನ್ ಪೊಲೀಸರು ಸ್ಟಾಕ್‌ಹೋಮ್‌ನ ಡೇಟಾ ಸೆಂಟರ್ ಮೇಲೆ ದಾಳಿ ಮಾಡಿ ಸರ್ವರ್‌ಗಳನ್ನು ಹೊತ್ತೊಯ್ದರು. ಅದೇ ಜಾಗದಲ್ಲಿದ್ದ, ಪೈರೇಟ್ ಬೇಗೆ ಸಂಬಂಧವೇ ಇಲ್ಲದ ಬೇರೆಯವರ ಸರ್ವರ್‌ಗಳೂ ಆ ಗಾಡಿ ಹತ್ತಿದವು. ಅಮೆರಿಕದ ಸಿನಿಮಾ ಉದ್ಯಮದ ಸಂಘ ಇದಕ್ಕೆ ಮುಂಚೆ ಸ್ವೀಡನ್ ಸರ್ಕಾರಕ್ಕೆ ಪತ್ರ ಬರೆದಿತ್ತು ಅನ್ನುವುದು ಹೊರಬಂದು, ಯಾರ ಒತ್ತಡಕ್ಕೆ ದಾಳಿ ಆಯಿತು ಅಂತ ಅಲ್ಲಿ ದೊಡ್ಡ ಗಲಾಟೆಯಾಯಿತು.

ಸೈಟು ಮೂರು ದಿನದಲ್ಲಿ ವಾಪಸ್ ಬಂತು. ಮುಖಪುಟದ ಕಡಲ್ಗಳ್ಳರ ಹಡಗು ಹಾಲಿವುಡ್ ಫಲಕಕ್ಕೆ ಗುಂಡು ಹಾರಿಸುವ ಹೊಸ ಚಿತ್ರದ ಸಮೇತ! ಬ್ಯಾಕಪ್ ಇತ್ತು, ಹಂಚುವ ಸರಕು ಹೇಗೂ ಅವರ ಹತ್ತಿರ ಇರಲಿಲ್ಲ. ದಾಳಿಯಿಂದ ಸಿಕ್ಕ ಪ್ರಚಾರದಿಂದ ಸೈಟಿಗೆ ಬರುವವರು ಇನ್ನೂ ಹೆಚ್ಚಾದರು. ಮರುವರ್ಷ, ಇಂಗ್ಲೆಂಡ್ ಕರಾವಳಿಯಾಚೆ ಸಮುದ್ರದ ಮೇಲಿರುವ ಸೀಲ್ಯಾಂಡ್ ಎಂಬ ಸ್ವಘೋಷಿತ ದೇಶವನ್ನೇ ಕೊಂಡುಕೊಳ್ಳುತ್ತೇವೆ ಅಂತ ಚಂದಾ ಎತ್ತಲೂ ಹೊರಟರು. ವ್ಯಾಪಾರ ಕುದುರಲಿಲ್ಲ.

## ಕೋರ್ಟು ನೋಡಿದ್ದು ಏನನ್ನು?

ವಿಚಾರಣೆ 2009ರ ಫೆಬ್ರವರಿ 16ರಂದು ಶುರುವಾಯಿತು. ಆರೋಪಿಗಳು ಸುಂಡೆ, ಸ್ವಾರ್ಟ್‌ಹೋಮ್, ನೆಯ್ ಮತ್ತು ಇಂಟರ್ನೆಟ್ ಸಂಪರ್ಕ ಒದಗಿಸಿದ್ದ ಉದ್ಯಮಿ ಕಾರ್ಲ್ ಲುಂಡ್‌ಸ್ಟ್ರೋಮ್. 30ಕ್ಕೂ ಹೆಚ್ಚು ಹಾಡು, ಸಿನಿಮಾ, ಗೇಮ್‌ಗಳ ಉದಾಹರಣೆ ಮುಂದಿಟ್ಟು ಮೊಕದ್ದಮೆ ಹೂಡಲಾಗಿತ್ತು.

ಎರಡನೇ ದಿನವೇ ಒಂದು ತಮಾಷೆ ನಡೆಯಿತು. ಸರ್ಕಾರಿ ವಕೀಲರು ಅರ್ಧದಷ್ಟು ಆರೋಪ ಕೈಬಿಟ್ಟರು. ಕೈಬಿಟ್ಟದ್ದು 'ಪ್ರತಿ ಮಾಡಲು ನೆರವಾದರು' ಅನ್ನುವ ಭಾಗ. ಪ್ರತಿ ಆಗುತ್ತಿದ್ದದ್ದು ಬಳಕೆದಾರರ ಕಂಪ್ಯೂಟರ್‌ಗಳಲ್ಲಿ, ಪೈರೇಟ್ ಬೇಯಲ್ಲಿ ಅಲ್ಲ. ಉಳಿದದ್ದು 'ಕೃತಿಗಳು ಜನರಿಗೆ ಸಿಗುವಂತೆ ಮಾಡಲು ನೆರವಾದರು' ಎಂಬ ಆರೋಪ. ಮೇಲ್ನೋಟಕ್ಕೆ ಎರಡೂ ಒಂದೇ ಅನ್ನಿಸುತ್ತದೆ, ಅಲ್ವಾ? ಆದರೆ ಇಡೀ ಕೇಸು ನಿಂತದ್ದು ಈ ವ್ಯತ್ಯಾಸದ ಮೇಲೆ. ನೋಟ್ಸ್ ನಕಲು ಮಾಡಿದ್ದು ಹುಡುಗರು, ಅದರಲ್ಲಿ ಅನುಮಾನವಿಲ್ಲ. ಯಾರ ಹತ್ತಿರ ಸಿಗುತ್ತದೆ ಅಂತ ಕೈ ತೋರಿಸಿದ ಲೀಡರ್‌ನದ್ದೂ ಪಾಲು ಇದೆಯಾ ಅನ್ನುವುದು ಪ್ರಶ್ನೆ.

ಪ್ರತಿವಾದಿಗಳ ಉತ್ತರ ಎರಡು ಬಗೆಯದು. ಮೊದಲನೆಯದು, ಟೊರೆಂಟ್ ಚೀಟಿಗಳು ಗೂಗಲ್‌ನಲ್ಲೂ ಸಿಗುತ್ತವೆ, ಹಾಗಾದರೆ ಗೂಗಲ್ ಮೇಲೂ ಕೇಸು ಹಾಕಿ. ಎರಡನೆಯದು, ಲುಂಡ್‌ಸ್ಟ್ರೋಮ್ ಪರ ವಕೀಲರ ವಾದ, 'ಕಿಂಗ್ ಕಾಂಗ್ ವಾದ' ಅಂತಲೇ ಹೆಸರಾಯಿತು. ಅಪರಾಧಕ್ಕೆ ನೆರವಾದರು ಅನ್ನಬೇಕಾದರೆ ಅಪರಾಧ ಮಾಡಿದವನಿಗೂ ನೆರವಾದವನಿಗೂ ನಂಟು ಇರಬೇಕು. ಫೈಲ್ ಹಾಕಿದವನು ಕಿಂಗ್ ಕಾಂಗ್ ಅಂತ ಹೆಸರಿಟ್ಟುಕೊಂಡು ಕಾಂಬೋಡಿಯಾದ ಕಾಡಿನಲ್ಲಿ ಕೂತಿರಬಹುದು, ಅವನಿಗೂ ನನ್ನ ಕಕ್ಷಿದಾರನಿಗೂ ಏನು ಸಂಬಂಧ ಅಂತ ವಕೀಲರು ಕೇಳಿದರು. (ವಿಚಿತ್ರ ನೋಡಿ, ಮೂರು ವರ್ಷದ ಮೇಲೆ ಸ್ವಾರ್ಟ್‌ಹೋಮ್ ಪೊಲೀಸರ ಕೈಗೆ ಸಿಕ್ಕಿದ್ದು ಕಾಂಬೋಡಿಯಾದಲ್ಲೇ.)

ಏಪ್ರಿಲ್ 17ರಂದು ತೀರ್ಪು ಬಂತು. ನ್ಯಾಯಾಲಯದ ದಾರಿ ಮೂರು ಹೆಜ್ಜೆಯದು. ಬಳಕೆದಾರರು ಒಪ್ಪಿಗೆ ಇಲ್ಲದೆ ಕೃತಿ ಹಂಚಿದ್ದು ಅಪರಾಧ. ಹುಡುಕುವ ಅನುಕೂಲ, ಚೀಟಿ ಇಡುವ ಜಾಗ, ಟ್ರ್ಯಾಕರ್ ಕೊಟ್ಟು ಈ ಸೈಟು ಅದನ್ನು ಸುಲಭ ಮಾಡಿತು. ಮೂರನೆಯದೇ ಮುಖ್ಯ: ಅಲ್ಲಿ ಏನು ನಡೆಯುತ್ತಿದೆ ಅಂತ ಇವರಿಗೆ ಗೊತ್ತಿತ್ತು, ಹಕ್ಕುದಾರರು ಪತ್ರ ಬರೆದರೂ ಏನೂ ಮಾಡಲಿಲ್ಲ. ನಗುತ್ತಾ ಪ್ರಕಟಿಸಿದ್ದ ನೋಟಿಸುಗಳು ಈ ಮೂರನೇ ಹೆಜ್ಜೆಯಲ್ಲಿ ಅವರಿಗೇ ತಿರುಗಿಬಿದ್ದವು. ನಮಗೆ ಗೊತ್ತಿರಲಿಲ್ಲ ಅನ್ನುವ ಹಾಗೇ ಇರಲಿಲ್ಲ.

ನಾಲ್ವರಿಗೂ ಒಂದೊಂದು ವರ್ಷ ಜೈಲು, ಒಟ್ಟಾಗಿ 3 ಕೋಟಿ ಸ್ವೀಡಿಷ್ ಕ್ರೋನಾ ಪರಿಹಾರ. ಆಮೇಲೆ ಇನ್ನೊಂದು ಸಂಗತಿ ಹೊರಬಿತ್ತು. ತೀರ್ಪು ಕೊಟ್ಟ ನ್ಯಾಯಾಧೀಶರು ಕಾಪಿರೈಟ್ ಪರ ಸಂಘಟನೆಗಳ ಸದಸ್ಯರಾಗಿದ್ದರು. ಪಕ್ಷಪಾತದ ದೂರನ್ನು ಮೇಲಿನ ನ್ಯಾಯಾಲಯ ಒಪ್ಪಲಿಲ್ಲ, ಆದರೆ ಜನರ ಸಿಟ್ಟು ಇಳಿಯಲಿಲ್ಲ. ಅದೇ ಜೂನ್‌ನಲ್ಲಿ ನಡೆದ ಯುರೋಪ್ ಸಂಸತ್ತಿನ ಚುನಾವಣೆಯಲ್ಲಿ ಕಾಪಿರೈಟ್ ಕಾನೂನು ಬದಲಾಗಬೇಕು ಅನ್ನುವ ರಾಜಕೀಯ ಪಕ್ಷ, ಸ್ವೀಡನ್‌ನ ಪೈರೇಟ್ ಪಾರ್ಟಿ, ಶೇ 7.1ರಷ್ಟು ಮತ ಪಡೆದು ಸಂಸತ್ತಿಗೇ ಹೋಯಿತು.

2010ರ ಮೇಲ್ಮನವಿಯಲ್ಲಿ ಸುಂಡೆಯ ಶಿಕ್ಷೆ ಎಂಟು ತಿಂಗಳಿಗೆ ಇಳಿಯಿತು, ಪರಿಹಾರ ಮಾತ್ರ 4 ಕೋಟಿ 60 ಲಕ್ಷ ಕ್ರೋನಾಗೆ ಏರಿತು. 2012ರಲ್ಲಿ ಸುಪ್ರೀಂ ಕೋರ್ಟ್ ಕೇಸು ಕೈಗೆತ್ತಿಕೊಳ್ಳಲಿಲ್ಲ. ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ 2013ರಲ್ಲಿ ಒಂದು ಮಾತು ಒಪ್ಪಿಕೊಂಡಿತು: ಇದು ವಾಕ್ ಸ್ವಾತಂತ್ರ್ಯಕ್ಕೆ ಕೈಹಾಕಿದ ಶಿಕ್ಷೆ ಹೌದು. ಆದರೆ ಕಾಪಿರೈಟ್ ಕಾಪಾಡಲು ಅದು ಬೇಕಿತ್ತು ಎಂದು ಹೇಳಿ ಅರ್ಜಿ ತಳ್ಳಿಹಾಕಿತು. 2017ರಲ್ಲಿ ಯುರೋಪಿಯನ್ ಒಕ್ಕೂಟದ ನ್ಯಾಯಾಲಯ ಇನ್ನೂ ಮುಂದೆ ಹೋಯಿತು. ಇಂಥ ಸೈಟು ನಡೆಸುವುದು ಬರೀ ನೆರವಲ್ಲ, ಕೃತಿಯನ್ನು ಜನರಿಗೆ ತಲುಪಿಸಿದಂತೆಯೇ ಆಗಬಹುದು ಅಂತ ಹೇಳಿತು.

ಎಲ್ಲ ಕಡೆಯೂ ಹೀಗೇ ಆಗಿಲ್ಲ. ಜಪಾನ್‌ನಲ್ಲಿ ವಿನ್ನಿ ಎಂಬ ಫೈಲ್ ಹಂಚುವ ಸಾಫ್ಟ್‌ವೇರ್ ಬರೆದ ಇಸಾಮು ಕನೆಕೊ ಅವರನ್ನು 2004ರಲ್ಲಿ ಬಂಧಿಸಿದರು, 2006ರಲ್ಲಿ ದಂಡ ಹಾಕಿದರು. ಆದರೆ 2011ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು ಅವರ ಖುಲಾಸೆಯನ್ನು ಎತ್ತಿಹಿಡಿಯಿತು. ಸಾಧನ ಮಾಡಿಕೊಟ್ಟದ್ದಕ್ಕೂ, ಕಣ್ಣೆದುರೇ ನಡೆಯುವ ಹಂಚಿಕೆಯನ್ನು ದಿನವೂ ನಡೆಸಿಕೊಂಡು ಹೋಗುವುದಕ್ಕೂ ಎಷ್ಟು ದೂರ ಅನ್ನುವುದು ಈ ಎರಡು ಕೇಸನ್ನು ಪಕ್ಕಪಕ್ಕ ಇಟ್ಟರೆ ಕಾಣುತ್ತದೆ.

## ನಮ್ಮ ಕಾನೂನಿನಲ್ಲಿ

ಭಾರತದ 1957ರ ಕಾಪಿರೈಟ್ ಕಾಯ್ದೆಯ 63ನೇ ಕಲಂ, ಗೊತ್ತಿದ್ದೂ ಕಾಪಿರೈಟ್ ಉಲ್ಲಂಘಿಸಿದವರನ್ನು ಮಾತ್ರವಲ್ಲ, ಉಲ್ಲಂಘನೆಗೆ ಕುಮ್ಮಕ್ಕು ಕೊಟ್ಟವರನ್ನೂ ಹಿಡಿಯುತ್ತದೆ. ಶಿಕ್ಷೆ 6 ತಿಂಗಳಿಂದ 3 ವರ್ಷ, ದಂಡ 50 ಸಾವಿರದಿಂದ 2 ಲಕ್ಷ ರೂಪಾಯಿ. 2023ರ ಸಿನಿಮಾಟೋಗ್ರಾಫ್ ತಿದ್ದುಪಡಿಯಲ್ಲಿ ಥಿಯೇಟರ್‌ನಲ್ಲಿ ಕದ್ದು ರೆಕಾರ್ಡ್ ಮಾಡುವುದಕ್ಕೆ, ಅದಕ್ಕೆ ನೆರವಾಗುವುದಕ್ಕೆ 3 ತಿಂಗಳಿಂದ 3 ವರ್ಷ ಜೈಲು. ದಂಡ 3 ಲಕ್ಷದಿಂದ ಶುರುವಾಗಿ ಸಿನಿಮಾದ ನಿರ್ಮಾಣ ವೆಚ್ಚದ ಶೇ 5ರವರೆಗೆ ಹೋಗಬಹುದು. ಫೇಸ್‌ಬುಕ್, ಯೂಟ್ಯೂಬ್‌ನಂಥ ಮಧ್ಯವರ್ತಿಗಳಿಗೆ ಐಟಿ ಕಾಯ್ದೆಯ 79ನೇ ಕಲಂ ರಕ್ಷಣೆ ಕೊಡುತ್ತದೆ. ಬಳಕೆದಾರರು ಹಾಕಿದ್ದಕ್ಕೆಲ್ಲ ಅವರು ಹೊಣೆಯಲ್ಲ. ಆದರೆ ತಾವೇ ಕುಮ್ಮಕ್ಕು ಕೊಟ್ಟರೆ ಆ ರಕ್ಷಣೆ ಹೋಗುತ್ತದೆ.

ಇಲ್ಲಿ ಪೈರೇಟ್ ಬೇ ಸೈಟನ್ನು ತಡೆಯುವ ಆದೇಶಗಳು ಬಂದಿವೆ. 2019ರ ಏಪ್ರಿಲ್‌ನಲ್ಲಿ ದೆಹಲಿ ಹೈಕೋರ್ಟ್ ಟೊರೆಂಟ್ ಸೈಟುಗಳ ಬಗ್ಗೆ ಕೊಟ್ಟ ತೀರ್ಪು ಇದರಲ್ಲಿ ಮುಖ್ಯ. ತಡೆದ ಸೈಟು ಬೇರೆ ವಿಳಾಸದಲ್ಲಿ ಮತ್ತೆ ತಲೆ ಎತ್ತಿದರೆ, ಹೊಸ ಕೇಸು ಹಾಕದೆ ಅದನ್ನೂ ಪಟ್ಟಿಗೆ ಸೇರಿಸಲು ಅದು ಅವಕಾಶ ಮಾಡಿಕೊಟ್ಟಿತು.

## ಜೈಲಿನ ಐದು ತಿಂಗಳು

2014ರ ಮೇ ತಿಂಗಳಲ್ಲಿ ಸುಂಡೆ ಫಿನ್ಲೆಂಡ್‌ನ ಪೈರೇಟ್ ಪಾರ್ಟಿಯಿಂದ ಯುರೋಪ್ ಸಂಸತ್ತಿಗೆ ಸ್ಪರ್ಧಿಸಿ ಸೋತರು. ಕೆಲವೇ ದಿನಕ್ಕೆ, ಮೇ 31ರಂದು, ಬಾಕಿ ಉಳಿದಿದ್ದ ಶಿಕ್ಷೆಗಾಗಿ ದಕ್ಷಿಣ ಸ್ವೀಡನ್‌ನಲ್ಲಿ ಪೊಲೀಸರು ಹಿಡಿದರು. ಮೊದಲ ದಾಳಿ ಆಗಿ ಅಂದಿಗೆ ಸರಿಯಾಗಿ ಎಂಟು ವರ್ಷ. ಹಾಕಿದ್ದು ವೆಸ್ಟರ್‌ವಿಕ್‌ನ ಬಿಗಿ ಕಾವಲಿನ ಜೈಲಿಗೆ. ಪ್ರಾಣಿಜನ್ಯ ಏನನ್ನೂ ತಿನ್ನದ ಅವರಿಗೆ ಅಲ್ಲಿ ಸರಿಯಾದ ಊಟ ಸಿಗದೆ ತೂಕ ಇಳಿಯಿತು. ಒಳಗಿದ್ದಾಗಲೇ ತಂದೆ ತೀರಿಕೊಂಡರು. ನವೆಂಬರ್‌ನಲ್ಲಿ ಬಿಡುಗಡೆಯಾಯಿತು.

ಮರುತಿಂಗಳೇ ಪೊಲೀಸರು ಮತ್ತೆ ದಾಳಿ ಮಾಡಿ ಪೈರೇಟ್ ಬೇಯನ್ನು ನಿಲ್ಲಿಸಿದರು. ಸುಂಡೆ ಕುಣಿದಾಡುತ್ತಾರೋ ಅಳುತ್ತಾರೋ ಅಂತ ಜನ ಕಾಯುತ್ತಿದ್ದರು. ಅವರು ಬರೆದದ್ದೇ ಬೇರೆ. ಸೈಟು ಹಳಸಿದೆ, ಜಾಹೀರಾತುಗಳು ಅಸಹ್ಯವಾಗಿವೆ, ಅದು ಮುಚ್ಚಿದ್ದೇ ಒಳ್ಳೆಯದು ಅನ್ನುವುದು ಅವರ ಮಾತಿನ ಸಾರ. 2009ರಲ್ಲೇ ಅವರು ಅದರ ವಕ್ತಾರ ಸ್ಥಾನ ಬಿಟ್ಟಿದ್ದರು. ಸೈಟು ಅವರ ಮಾತು ಕೇಳದೆ 2015ರ ಜನವರಿ ಕೊನೆಗೆ ಮತ್ತೆ ಬಂತು.

## ಆಮೇಲೆ ಕಟ್ಟಿದ್ದು

ಸುಂಡೆ ಅಂದರೆ ಎಲ್ಲವೂ ಪುಕ್ಕಟೆ ಬೇಕೆನ್ನುವವರು ಅಂತ ಅಂದುಕೊಂಡರೆ ಫ್ಲ್ಯಾಟರ್ ನೋಡಬೇಕು. ಅದನ್ನು ಅವರು ಲಿನಸ್ ಓಲ್ಸನ್ ಜೊತೆ 2010ರಲ್ಲಿ ಶುರು ಮಾಡಿದರು. ಬಳಸುವವರು ತಿಂಗಳಿಗೆ ಇಂತಿಷ್ಟು ದುಡ್ಡು ಅಂತ ಎತ್ತಿಡುತ್ತಿದ್ದರು. ಇಷ್ಟವಾದ ಬರಹ, ಹಾಡು, ಸಾಫ್ಟ್‌ವೇರ್ ಕಂಡಾಗ ಒಂದು ಗುಂಡಿ ಒತ್ತುತ್ತಿದ್ದರು. ತಿಂಗಳ ಕೊನೆಗೆ ಆ ದುಡ್ಡು ಒತ್ತಿದ ಎಲ್ಲದಕ್ಕೂ ಸಮವಾಗಿ ಹೋಗುತ್ತಿತ್ತು. ಅದೇ ವರ್ಷದ ಕೊನೆಗೆ ದೊಡ್ಡ ಕಾರ್ಡ್ ಕಂಪನಿಗಳು, ಸರ್ಕಾರಗಳ ಗುಟ್ಟಿನ ದಾಖಲೆ ಹೊರಹಾಕುವ ವಿಕಿಲೀಕ್ಸ್‌ಗೆ ಹೋಗುವ ದೇಣಿಗೆ ನಿಲ್ಲಿಸಿದಾಗ, ಫ್ಲ್ಯಾಟರ್ ದಾರಿ ತೆರೆದೇ ಇತ್ತು.

2015ರ ಕೊನೆಗೆ ಒಂದು ಕುಚೋದ್ಯದ ಯಂತ್ರ ಮಾಡಿದರು. ಅಂಗೈಯಗಲದ ರಾಸ್ಪ್‌ಬೆರಿ ಪೈ ಕಂಪ್ಯೂಟರ್, ಒಂದು ಚಿಕ್ಕ ಪರದೆ. ಅದು ಒಂದು ಜನಪ್ರಿಯ ಹಾಡನ್ನು ಸೆಕೆಂಡಿಗೆ 100 ಬಾರಿ ನಕಲು ಮಾಡುತ್ತದೆ, ಮಾಡಿದ್ದನ್ನು ಅಲ್ಲೇ ಅಳಿಸುತ್ತದೆ. ದಿನಕ್ಕೆ 86 ಲಕ್ಷಕ್ಕೂ ಹೆಚ್ಚು ನಕಲು. ಒಂದೊಂದಕ್ಕೂ 1.25 ಡಾಲರ್ ನಷ್ಟ ಅಂತ ಪರದೆ ಲೆಕ್ಕ ತೋರಿಸುತ್ತಾ ಹೋಗುತ್ತದೆ. ಅಂದರೆ ದಿನಕ್ಕೆ ಒಂದು ಕೋಟಿ ಡಾಲರ್ ಮೀರಿದ ನಷ್ಟ, ಆದರೆ ಯಾರ ಜೇಬಿನಿಂದಲೂ ಒಂದು ಕಾಸು ಹೋಗಿಲ್ಲ. ಪ್ರತಿ ನಕಲೂ ಒಂದು ಮಾರಾಟ ತಪ್ಪಿಸುತ್ತದೆ ಎಂಬ ಉದ್ಯಮದ ಲೆಕ್ಕವನ್ನು ಅಣಕಿಸುವುದು ಉದ್ದೇಶ. ನಕಲು ಕೇಳಿದವರಲ್ಲಿ ಕೆಲವರಾದರೂ ಕೊಳ್ಳುತ್ತಿದ್ದರು, ಆ ನಷ್ಟ ನಿಜ ಅನ್ನುವ ಉದ್ಯಮದ ಮಾತಿಗೆ ಈ ಯಂತ್ರದ ಹತ್ತಿರ ಉತ್ತರ ಇಲ್ಲ ಅನ್ನುವುದೂ ಅಷ್ಟೇ ಸರಿ.

ಅದೇ ಹೊತ್ತಿಗೆ ಒಂದು ಸಂದರ್ಶನದಲ್ಲಿ ಅವರು, ಮುಕ್ತ ಇಂಟರ್ನೆಟ್‌ನ ಹೋರಾಟದಲ್ಲಿ ನಾವು ಸೋತಿದ್ದೇವೆ ಎಂದರು. ನಾಲ್ಕಾರು ದೊಡ್ಡ ಕಂಪನಿಗಳ ಕೈಗೆ ಎಲ್ಲ ಸೇರಿಹೋಗಿದೆ ಅನ್ನುವುದು ಅವರ ದೂರು. ಆದರೂ ಸುಮ್ಮನೆ ಕೂರಲಿಲ್ಲ. 2017ರಲ್ಲಿ ನಿಯಲ್ಲಾ ಎಂಬ ಸೇವೆ ಹೊರತಂದರು. ವೆಬ್‌ಸೈಟಿಗೆ ಹೆಸರು (ಡೊಮೇನ್) ಕೊಳ್ಳುವವರು ತಮ್ಮ ಹೆಸರು, ವಿಳಾಸ, ಫೋನ್ ನಂಬರ್ ದಾಖಲಿಸಬೇಕು. ಸರ್ಕಾರದ ವಿರುದ್ಧ ಬರೆಯುವವರಿಗೆ ಅದು ಅಪಾಯ. ನಿಯಲ್ಲಾ ತನ್ನ ಹೆಸರಿನಲ್ಲೇ ಅದನ್ನು ಕೊಂಡು, ಬಳಸುವ ಹಕ್ಕನ್ನು ಮಾತ್ರ ಗ್ರಾಹಕರಿಗೆ ಕೊಡುತ್ತದೆ. ಗ್ರಾಹಕರ ಹೆಸರು ಆ ದಾಖಲೆಯಲ್ಲಿ ಕಾಣುವುದಿಲ್ಲ. ಇದರಲ್ಲಿ ಪತ್ರಕರ್ತರೂ ಅಡಗಬಹುದು, ಮೋಸಗಾರರೂ ಅಡಗಬಹುದು. ಕಾನೂನಿನ ಲೆಕ್ಕದಲ್ಲಿ ಆ ಹೆಸರಿನ ಒಡೆತನ ನಿಯಲ್ಲಾದ್ದೇ, ಹಾಗಾಗಿ ವಕೀಲರ ನೋಟಿಸು ಮೊದಲು ಬರುವುದೂ ಅಲ್ಲಿಗೇ.